ಫಿನ್ಲೆಂಡಿನ ಕೆರೆಯಲ್ಲಿ ತೊಣ್ಣೂರಿನ ಈಜು

ತೊಣ್ಣೂರು

ನಮ್ಮ ಯಜಮಾನರು ನಿಂಗೇಗೌಡರಿಗೆ ನೆಲಕ್ಕಿಂತ ನೀರೇ ಸಲೀಸು. ಹುಟ್ಟಿ ಬೆಳೆದದ್ದು ತೊಣ್ಣೂರು ಕೆರೆಯ ಪಕ್ಕದಲ್ಲಿ. ಬೆಳಿಗ್ಗೆ ಹಾಲು ಕರೆದು ಡೈರಿಗೆ ಹಾಕಿ, ಬಿಸಿಲೇರುವ ಮೊದಲು ಕೆರೆಯ ಆಚೆ ದಡ ಮುಟ್ಟಿ ಬರದಿದ್ದರೆ ಅವರಿಗೆ ಹಿಟ್ಟು ಗಂಟಲಲ್ಲಿ ಇಳಿಯುವುದಿಲ್ಲ. ನಾನು ಕಿಕ್ಕೇರಿ ಕಡೆಯವಳು, ಈಜು ಬಾರದವಳು. ಮದುವೆಯಾದ ಹೊಸತರಲ್ಲಿ ಅವರ ತಲೆ ನೀರಿನ ಮೇಲೆ ಕಪ್ಪು ಚುಕ್ಕೆಯಾಗಿ, ಕೊನೆಗೆ ಆ ಚುಕ್ಕೆಯೂ ಕಾಣದಾದಾಗ ಏರಿ ಮೇಲೆ ನಿಂತು ಅತ್ತದ್ದುಂಟು. ಆಮೇಲೆ ಪಾಂಡವಪುರದ ಹೈಸ್ಕೂಲಿನಲ್ಲಿ ಇಂಗ್ಲಿಷ್ ಟೀಚರ್ ಕೆಲಸ ಸಿಕ್ಕಿತು. ಬೆಳಿಗ್ಗೆ ಬಸ್ಸು ಹಿಡಿಯುವ ಅವಸರದಲ್ಲಿ ಅಳುವುದಕ್ಕೆ ಪುರುಸೊತ್ತು ಸಿಗದೆ ಆ ಭಯ ತಾನಾಗಿಯೇ ಬಿಟ್ಟುಹೋಯಿತು.

ಒಂದು ಚಳಿಗಾಲ ಮೇಲುಕೋಟೆ ನೋಡಲು ಬಂದ ಮಾರ್ಯಾ ಎಂಬ ಹೆಂಗಸು ತೊಣ್ಣೂರಿಗೂ ಬಂದಳು. ಫಿನ್ಲೆಂಡ್ ದೇಶದವಳು, ಆಸ್ಪತ್ರೆಯಲ್ಲಿ ನರ್ಸ್ ಆಗಿದ್ದು ನಿವೃತ್ತಿಯಾದವಳು. ಮಂಜಿನೊಳಗಿಂದ ಒಬ್ಬ ಮನುಷ್ಯ ಈಜಿಕೊಂಡು ಬಂದು, ಮೈ ಒರೆಸಿಕೊಂಡು, ಏನೂ ಆಗದವನಂತೆ ಹಸುವಿನ ಹಗ್ಗ ಬಿಚ್ಚಿದ್ದನ್ನು ನೋಡಿ ಬೆರಗಾಗಿ ನಮ್ಮ ಮನೆಗೇ ಬಂದಳು. ಅವಳ ಊರಿನಲ್ಲೂ ಕೆರೆಯಿದೆಯಂತೆ, ಪ್ರತಿ ಬೇಸಿಗೆಯಲ್ಲಿ ಈಜಿನ ಪಂದ್ಯ ನಡೆಯುತ್ತದಂತೆ. ಊರಿನವರ ನೆಂಟರೂ ಸೇರಬಹುದು, ನೀವು ನನ್ನ ನೆಂಟರಾಗಿ ಬನ್ನಿ ಎಂದಳು. ಬಾಯಿಮಾತಿಗೆ ಹೇಳಿದಳು ಎಂದುಕೊಂಡಿದ್ದೆವು. ಹೇಳಿದಂತೆಯೇ ಕರೆಸಿಕೊಂಡಳು. ಹೀಗೆ ತೊಂಬತ್ತರ ದಶಕದ ನಡುವಿನ ಒಂದು ಜುಲೈಯಲ್ಲಿ, ಶ್ರೀರಂಗಪಟ್ಟಣದಿಂದ ಬೆಂಗಳೂರಿನ ಬಸ್ಸು ಹತ್ತುವುದನ್ನೇ ದೊಡ್ಡ ಪ್ರಯಾಣವೆಂದುಕೊಂಡಿದ್ದ ನಾವಿಬ್ಬರು ವಿಮಾನ ಹತ್ತಿದೆವು.

ಇಳಿದ ಮೇಲೆ

ನಮ್ಮವರು ನೀರಿಗಿಳಿಯುವ ಮೊದಲು ಮೈಗೆ ಹರಳೆಣ್ಣೆ ಹಚ್ಚಿಕೊಳ್ಳುತ್ತಾರೆ. ಅಲ್ಲಿ ಸಿಗುವುದೋ ಇಲ್ಲವೋ ಎಂದು ಒಂದು ಬಾಟಲು ತುಂಬಿ, ಮುಚ್ಚಳಕ್ಕೆ ಬಟ್ಟೆ ಕಟ್ಟಿ, ನನಗೆ ಹೇಳದೆ ನನ್ನ ಪೆಟ್ಟಿಗೆಯಲ್ಲಿಟ್ಟಿದ್ದರು. ಹೆಲ್ಸಿಂಕಿಯಲ್ಲಿ ಪೆಟ್ಟಿಗೆ ತೆರೆದರೆ ಎಣ್ಣೆಯೆಲ್ಲ ಸೀರೆಗಳಿಗೆ ಇಳಿದಿತ್ತು. ನಾಗಮಂಗಲದ ನನ್ನ ತಂಗಿ, ಪರದೇಶದಲ್ಲಿ ಉಟ್ಟುಕೊ ಅಕ್ಕ ಎಂದು ಕೊಟ್ಟಿದ್ದ ರೇಷ್ಮೆ ಸೀರೆಯ ಸೆರಗಿನಲ್ಲಿ ಒಂದು ದೊಡ್ಡ ಕಲೆ. ರೈಲಿನಲ್ಲಿ ಕೂತ ಮೇಲೆ ಅವರು, ಎಣ್ಣೆ ಸ್ವಲ್ಪ ಉಳಿದಿದೆ ಎಂದು ಮೆಲ್ಲಗೆ ಹೇಳಿದರು.

ರೈಲು ಕಾಡಿನೊಳಗೇ ಹೋಗುತ್ತಿತ್ತು. ಬಿಳಿ ತೊಗಟೆಯ ಮರಗಳು, ನಡುವೆ ಫಳಕ್ಕೆಂದು ಒಂದು ಕೆರೆ, ಮತ್ತೆ ಮರಗಳು, ಮತ್ತೆ ಕೆರೆ. ಡಬ್ಬಿ ತುಂಬ ಜನರಿದ್ದರೂ ಒಬ್ಬರ ಉಸಿರೂ ಕೇಳುತ್ತಿರಲಿಲ್ಲ. ನಮ್ಮ ಕೆ.ಆರ್. ಪೇಟೆ ಬಸ್ಸಿನಲ್ಲಾದರೆ ಅಷ್ಟು ಹೊತ್ತಿಗೆ ಪಕ್ಕದವಳು ನನ್ನ ಸಂಬಳ, ಮಕ್ಕಳು, ಮೈಯಲ್ಲಿರುವ ಕಾಯಿಲೆ ಎಲ್ಲವನ್ನೂ ಕೇಳಿ ತಿಳಿದಿರುತ್ತಿದ್ದಳು. ಯಾರಿಗಾದರೂ ಸಾವಾಗಿದೆಯೇ ಎಂದು ನಮ್ಮವರು ನನ್ನ ಕಿವಿಯಲ್ಲಿ ಕೇಳಿದರು.

ಮಾರ್ಯಾಳ ಮನೆ

ಆ ಊರಿನ ಹೆಸರು ಈಗಲೂ ನನ್ನ ನಾಲಿಗೆಗೆ ಹೊರಳುವುದಿಲ್ಲ. ಮರದ ಮನೆಗಳ ಒಂದು ಸಣ್ಣ ಊರು. ಮಾರ್ಯಾಳ ಹಿತ್ತಲಿನಿಂದ ಇಳಿದರೆ ಕೆರೆ. ಮನೆಯೊಳಗೆ ಹೋಗುವಾಗ ಅವಳು ಚಪ್ಪಲಿ ಬಿಟ್ಟದ್ದನ್ನು ನೋಡಿ ನಮ್ಮವರಿಗೆ ಅರ್ಧ ಧೈರ್ಯ ಬಂತು. ಊಟಕ್ಕೆ ಕರೀ ರೊಟ್ಟಿ ಕೊಟ್ಟಾಗ ಇನ್ನರ್ಧ ಬಂತು. ಮುದ್ದೆಯ ದೂರದ ಬಳಗವೇ ಇರಬೇಕು ಎಂದರು. ಮಾರ್ಯಾ ಎನ್ನುವುದು ಅವರ ಬಾಯಲ್ಲಿ ಎರಡನೆಯ ದಿನಕ್ಕೇ ಮಾರವ್ವ ಆಯಿತು. ಅವಳಿಗೆ ಅದು ಇಷ್ಟವಾಯಿತು.

ಬಂದವರೇ ನಮ್ಮವರು ಕೆರೆಯ ಏರಿ ಹುಡುಕಿದರು. ಏರಿ ಇರಲಿಲ್ಲ. ತೂಬೂ ಇರಲಿಲ್ಲ. ಇದನ್ನು ಯಾರು ಕಟ್ಟಿಸಿದ್ದು ಎಂದು ನನ್ನ ಕೈಲಿ ಕೇಳಿಸಿದರು. ಯಾರೂ ಕಟ್ಟಿಸಿಲ್ಲ, ಯಾವುದೋ ಕಾಲದ ಹಿಮ ಕರಗಿ ಹೋಗುವಾಗ ಬಿಟ್ಟುಹೋದದ್ದು ಎಂದಳು ಮಾರ್ಯಾ. ಈ ನೀರು ಯಾವ ಗದ್ದೆಗೆ ಹೋಗುತ್ತದೆ ಎಂದು ಕೇಳಿಸಿದರು. ಯಾವ ಗದ್ದೆಗೂ ಇಲ್ಲ, ಸುಮ್ಮನೆ ಇರುತ್ತದೆ ಎಂದಳು. ಅವರು ಬಹಳ ಹೊತ್ತು ಆ ನೀರನ್ನೇ ನೋಡುತ್ತ ಕೂತರು. ನಾಲೆ ನೀರಿಗೆ ಕಾದು ಕಾದು ಪೈರು ಮಾಡುವ ಅರಕೆರೆಯ ನನ್ನ ಭಾವ ಇದನ್ನು ಕಂಡಿದ್ದರೆ ಏನೆನ್ನುತ್ತಿದ್ದರೋ.

ಬೇಸಿಗೆಯಲ್ಲಿ ಅಲ್ಲಿ ಕತ್ತಲೆ ಆಗುವುದಿಲ್ಲ. ಸೂರ್ಯ ಮುಳುಗಿದರೂ ಬೆಳಕು ಹೋಗಲು ಮನಸ್ಸಿಲ್ಲದೆ ಮರಗಳ ತುದಿಯಲ್ಲಿ ಕೂತಿರುತ್ತದೆ. ನಿದ್ದೆ ಬಂದೂ ಬಾರದ ಹಾಗೆ, ಎಚ್ಚರವಿದ್ದೂ ಇಲ್ಲದ ಹಾಗೆ ದಿನಗಳು ಒಂದರೊಳಗೊಂದು ಬೆರೆತುಹೋದವು. ಕಿಟಕಿಯಾಚೆ ಹಾಲಿನ ಬಣ್ಣದ ನೀರು. ನಾನು ಇಲ್ಲಿದ್ದೇನೆಯೇ, ಇಲ್ಲ ತೊಣ್ಣೂರಿನಲ್ಲಿ ಮಲಗಿ ಇದನ್ನೆಲ್ಲ ಕನಸು ಕಾಣುತ್ತಿದ್ದೇನೆಯೇ ಎಂದು ಗೋಡೆ ಮುಟ್ಟಿ ನೋಡಿಕೊಳ್ಳುತ್ತಿದ್ದೆ.

ಹಬೆಯ ಮನೆ

ಕೆರೆಯ ದಡದಲ್ಲಿ ಎಲ್ಲರಿಗೂ ಒಂದೊಂದು ಹಬೆಯ ಮನೆ. ಕಾದ ಕಲ್ಲಿನ ಮೇಲೆ ನೀರೆರಚಿ, ಆ ಹಬೆಯಲ್ಲಿ ಬೆವರಿ, ಓಡಿಹೋಗಿ ತಣ್ಣನೆಯ ಕೆರೆಗೆ ಬೀಳುವುದು ಅವರ ಪದ್ಧತಿ. ಗಂಡಸರಿಗೆ ಬೇರೆ ಹೊತ್ತು, ಹೆಂಗಸರಿಗೆ ಬೇರೆ ಹೊತ್ತು. ಮೈಮೇಲೆ ನೂಲೂ ಇರಬಾರದು. ನಾನು ಸೀರೆಯುಟ್ಟೇ ಬಾಗಿಲವರೆಗೆ ಹೋಗಿ, ತಲೆನೋವಿನ ನೆಪ ಹೇಳಿ ವಾಪಸು ಬಂದೆ. ನಮ್ಮವರು ಚಡ್ಡಿ ಬಿಚ್ಚುವುದಿಲ್ಲವೆಂಬ ಕರಾರಿನ ಮೇಲೆ ಒಳಗೆ ಹೋದರು.

ಅಲ್ಲಿ ಅವರಿಗೆ ಈರೋ ಸಿಕ್ಕಿದ. ದೋಣಿ ಮಾಡುವವನು, ನಮ್ಮವರಿಗಿಂತ ಸ್ವಲ್ಪ ದೊಡ್ಡವನು, ಆ ಕೆರೆಯ ಪಂದ್ಯವನ್ನು ಎಷ್ಟೋ ಸಲ ಗೆದ್ದವನು. ಇಂಗ್ಲಿಷ್ ಅಷ್ಟಕ್ಕಷ್ಟೆ. ಇಬ್ಬರೂ ಒಂದೂ ಮಾತಿಲ್ಲದೆ ಆ ಬಿಸಿಯಲ್ಲಿ ಕೂತಿದ್ದು, ಒಟ್ಟಿಗೆ ಎದ್ದು, ಒಟ್ಟಿಗೆ ನೀರಿಗೆ ಬಿದ್ದರಂತೆ. ಕೆಂಪಗೆ ಬೆಂದ ಮುಖ ಹೊತ್ತು ಬಂದ ನಮ್ಮವರು, ಈರಣ್ಣ ಒಳ್ಳೆ ಮನುಷ್ಯ ಎಂದರು. ಪಕ್ಕಾ ನಮ್ಮೂರಿನ ಈರೇಗೌಡನ ತರಹವೇ, ಸುಮ್ಮನೆ ಮಾತಾಡಿ ತಲೆ ತಿನ್ನುವುದಿಲ್ಲವಂತೆ. ಆಮೇಲೆ ದಿನವೂ ಇಬ್ಬರೂ ಬೆಳಿಗ್ಗೆ ಒಟ್ಟಿಗೆ ಈಜುತ್ತಿದ್ದರು. ಈರೋನ ದೋಣಿಗಳಿಗೆ ನಮ್ಮವರು ಹಲಗೆ ಹಿಡಿದುಕೊಡುತ್ತಿದ್ದರು. ಬಂದ ಕೆಲಸ ಪಂದ್ಯ ಎಂಬುದೇ ನನಗೆ ಮರೆತುಹೋಗಿತ್ತು.

ಪಂದ್ಯದ ಬೆಳಿಗ್ಗೆ

ದೂರದಲ್ಲಿ ಒಂದು ಸಣ್ಣ ದ್ವೀಪ. ಅದರಾಚೆ ನೀರಿನ ಮೇಲೆ ಗುರುತಿಗೆಂದು ಸೋರೆಬುರುಡೆಯಂಥ ಒಂದು ಹಳದಿ ಬುರುಡೆ ತೇಲಿಬಿಟ್ಟಿದ್ದರು. ದಡದಿಂದ ನೋಡಿದರೆ ನಿಂಬೆಹಣ್ಣಿನಷ್ಟು ಕಾಣುತ್ತಿತ್ತು. ಅದನ್ನು ಸುತ್ತಿಕೊಂಡು ಬಂದು ದಡದ ಹಲಗೆಯ ಕಟ್ಟೆ ಮುಟ್ಟಬೇಕು. ಬುರುಡೆಯ ಪಕ್ಕ ಕಾವಲಿಗೆ ಒಂದು ದೋಣಿ ನಿಂತಿತ್ತು.

ನಮ್ಮವರು ಉಳಿದ ಹರಳೆಣ್ಣೆ ಬಳಿದುಕೊಂಡು, ಪೂರ್ವಕ್ಕೆ ಕೈಮುಗಿದು, ಎಲ್ಲರ ಜೊತೆ ನೀರಿಗಿಳಿದರು. ಅವರೆಲ್ಲ ದ್ವೀಪದ ಹತ್ತಿರ ಹೋಗುವಷ್ಟರಲ್ಲಿ ಮಂಜು ಬಂತು. ಬೀಸಿಕೊಂಡು ಬರಲಿಲ್ಲ, ನೀರಿನೊಳಗಿಂದಲೇ ಎದ್ದಿತು. ಮೊದಲು ಬುರುಡೆ ಹೋಯಿತು, ದ್ವೀಪ ಹೋಯಿತು, ಕೊನೆಗೆ ನನ್ನ ಕಾಲ ಬಳಿಯ ನೀರೂ ಹೋಯಿತು. ಯಾರ ದನಿಯೂ ಇಲ್ಲ. ಆ ಬಿಳುಪಿನೊಳಗಿಂದ ಆಗಾಗ ಒಂದು ಕೊಂಬಿನ ಸದ್ದು ಮಾತ್ರ ಬರುತ್ತಿತ್ತು. ಮಂಜು ಬಿದ್ದರೆ ಬುರುಡೆಯ ಬಳಿಯ ದೋಣಿಯವನು ಕೊಂಬೂದುತ್ತಾನೆ, ಸದ್ದು ಬಂದ ಕಡೆಗೆ ಈಜಬೇಕು ಎಂಬುದು ಆ ಊರಿನವರಿಗೆಲ್ಲ ಗೊತ್ತು. ಗೊತ್ತಿರುವ ಸಂಗತಿಯಾದ್ದರಿಂದ ನಮಗೆ ಯಾರೂ ಹೇಳಿರಲಿಲ್ಲ. ಎಲ್ಲೋ ಎಮ್ಮೆ ಕೂಗುತ್ತಿದೆ ಎಂದು ನಮ್ಮವರು ತಿಳಿದಿದ್ದರಂತೆ.

ಮಂಜಿನಿಂದ ಮೊದಲು ಹೊರಗೆ ಬಂದ ತಲೆ ನಮ್ಮವರದು. ಎಲ್ಲರೂ ನೋಡುತ್ತಿದ್ದ ದಿಕ್ಕಿನಿಂದಲ್ಲ, ಎಡಕ್ಕೆ ಬಹಳ ಸರಿದು ಬಂದರು. ಅವರು ಕಟ್ಟೆ ಮುಟ್ಟಿ, ಮೇಲೆ ಹತ್ತಿ, ಟವೆಲು ಹೊದ್ದು ಒಂದು ಲೋಟ ಬಿಸಿ ಹಣ್ಣಿನ ರಸ ಕುಡಿದು ಮುಗಿಸಿದ ಮೇಲೆ ಎರಡನೆಯವನಾಗಿ ಈರೋ ಬಂದ. ಮಾರ್ಯಾ ನನ್ನನ್ನು ಅಪ್ಪಿಕೊಂಡು ಕುಣಿದಳು. ನನ್ನನ್ನು ಎಳೆದುಕೊಂಡು ಮನೆಗೆ ಓಡಿ ನಮ್ಮ ಶಾಲೆಗೆ ಫೋನು ಮಾಡಿಕೊಟ್ಟಳು. ಯಜಮಾನರು ಮೊದಲು ಬಂದರು, ತೊಣ್ಣೂರಿಗೆ ಹೇಳಿ ಕಳಿಸಿ ಎಂದು ಹೆಡ್‌ಮಾಸ್ಟರಿಗೆ ನಾನು ಕೂಗಿ ಹೇಳಿದೆ.

ನಾವು ಹಿಂದಿರುಗಿದಾಗ ಕಟ್ಟೆಯ ಮೇಲೆ ಜನ ಗುಂಪಾಗಿದ್ದರು. ಈರೋ ನಮ್ಮವರ ಮುಂದೆ ನಿಂತಿದ್ದ. ದೋಣಿಯವನು ಉಳಿದ ಎಲ್ಲರನ್ನೂ ಬುರುಡೆಯ ಬಳಿ ಕಂಡಿದ್ದ, ಇವರನ್ನು ಕಂಡಿರಲಿಲ್ಲ. ಈರೋ ತನ್ನ ಅರೆಬರೆ ಇಂಗ್ಲಿಷಿನಲ್ಲಿ ಒಂದೇ ಮಾತು ಹೇಳಿದ.

"ಯೂ ಚೀಟ್."

ಅದನ್ನು ನಾನು ಕನ್ನಡಕ್ಕೆ ತಿರುಗಿಸಬೇಕಾಗಿರಲಿಲ್ಲ. ನಮ್ಮ ಊರುಗಳ ಯಾವ ಆಟದ ಬಯಲಿಗೆ ಹೋದರೂ ಕೇಳುವ ಮಾತು ಅದು. ನಮ್ಮವರ ಮುಖ ನೋಡಲಾರದೆ ನಾನು ನೀರು ನೋಡಿದೆ.

ಪುಸ್ತಕಾಲಯದ ಹಿಂದಿನ ಕೋಣೆ

ಮಧ್ಯಾಹ್ನ ಪುಸ್ತಕಾಲಯದ ಹಿಂದಿನ ಕೋಣೆಯಲ್ಲಿ ಊರಿನ ಹಿರಿಯರು ಸೇರಿದರು. ಒಂದು ಉದ್ದನೆಯ ಮೇಜು, ಕಾಫಿ, ಬಿಳಿ ಪರದೆಯಿಂದ ಸೋಸಿ ಬರುವ ಬೆಳಕು. ನಾನು ಕಲೆಯಾದ ಸೆರಗನ್ನು ಮಡಿಚಿ ಸೊಂಟಕ್ಕೆ ಸಿಕ್ಕಿಸಿಕೊಂಡು ನಮ್ಮವರ ಪಕ್ಕ ಕೂತೆ. ಎದುರಿಗೆ ಈರೋ ತನ್ನ ಅಂಗೈಗಳನ್ನೇ ನೋಡುತ್ತ ಕೂತಿದ್ದ.

ಪಂದ್ಯದ ಉಸ್ತುವಾರಿಯ ಹೆಂಗಸಿಗೆ ಒಳ್ಳೆಯ ಇಂಗ್ಲಿಷ್ ಬರುತ್ತಿತ್ತು. ಇಲ್ಲಿ ಸಾಕ್ಷಿ ಕೇಳುವ ಪದ್ಧತಿಯಿಲ್ಲ ಎಂದಳು. ಈಜಿದವರ ಮಾತೇ ಕೊನೆಯ ಮಾತು. ನಿಮ್ಮ ಗಂಡ ಬುರುಡೆ ಸುತ್ತಿ ಬಂದರೇ ಎಂದು ಒಂದು ಸಲ ಕೇಳುತ್ತೇವೆ. ಹೌದು ಎಂದರೆ ಗೆದ್ದವರು ಅವರೇ, ಆಮೇಲೆ ಈ ಊರಿನಲ್ಲಿ ಯಾರೂ ಆ ಮಾತೆತ್ತುವುದಿಲ್ಲ.

ಇಷ್ಟು ಸುಲಭವೇ ಎನ್ನಿಸಿ ನನ್ನ ಎದೆ ಹಗುರಾಯಿತು. ನಮ್ಮವರಿಗೆ ತಿಳಿಸಿದೆ. ಅವರು ಕಾಫಿಯ ಲೋಟವನ್ನು ಹತ್ತಿರಕ್ಕೆ ಎಳೆದುಕೊಂಡರು. ಆಗ ನನಗೂ ಒಂದು ಅನುಮಾನ ಹುಟ್ಟಿತು. ಅವರು ಎಡಗಡೆಯಿಂದ ಬಂದದ್ದನ್ನು ನಾನೇ ಕಣ್ಣಾರೆ ಕಂಡಿದ್ದೆ.

"ನಿಜ ಹೇಳಿ, ಸುತ್ತಿದ್ರಾ?" ಎಂದೆ.

"ಸುತ್ತಿದೆ ಅಂತ್ಲೇ ನಾ ಅನ್ಕೊಂಡಿವ್ನಿ. ಕೈಗೆ ಒಂದು ಅಗ್ಗ ಸಿಕ್ತು, ಗುಂಡುಗಿರದು ಏನೋ ತಗುಲ್ತು. ಅದೇ ಬುರುಡೆ ಅಂತ ಸುತ್ಕೊಂಡು ಬಂದೆ. ಆದ್ರೆ ಕಣ್ಣಲ್ಲಿ ಕಂಡ್ನಿಲ್ಲ ಕಣಮ್ಮಿ. ಆ ಮಂಜ್ನಲ್ಲಿ ನನ್ ಕೈಯೇ ನಂಗೆ ಕಾಣ್ತಿರ್ನಿಲ್ಲ."

"ಹೌದು ಅಂದ್ರೆ ಸಾಕಂತೆ. ಹೌದು ಅಂತ ಹೇಳ್ತೀನಿ."

"ಕಾಣ್ದಿದ್ದುನ್ನ ಕಂಡೆ ಅಂತ ಎಂಗೆ ಯೋಳದು? ನಾನು ಯೋಳಿದ್ದುನ್ನೇ ಯೋಳು."

ಕೋಣೆಯಲ್ಲಿ ಎಲ್ಲರೂ ನನ್ನ ಬಾಯಿ ನೋಡುತ್ತಿದ್ದರು. ಅಲ್ಲಿ ಕನ್ನಡ ಬಲ್ಲವರು ನಾವಿಬ್ಬರೇ. ನಾನು ಏನು ಹೇಳುತ್ತೇನೋ ಅದೇ ಅವರು ಹೇಳಿದ್ದಾಗುತ್ತಿತ್ತು. ನಾಲಿಗೆಯ ತುದಿಯಲ್ಲಿ ಒಂದೇ ಒಂದು 'ಎಸ್' ಇತ್ತು. ಅದು ಪೂರ್ತಿ ಸುಳ್ಳೂ ಅಲ್ಲವಲ್ಲ. ಪಾಂಡವಪುರಕ್ಕೆ ಫೋನು ಹೋಗಿಯಾಗಿದೆ. ತೊಣ್ಣೂರಿನಲ್ಲಿ ಇಷ್ಟು ಹೊತ್ತಿಗೆ ಮನೆಮನೆಗೂ ಸುದ್ದಿ ಮುಟ್ಟಿದೆ. ಅದಕ್ಕಿಂತ ಹೆಚ್ಚಾಗಿ, ಆ 'ಚೀಟ್' ಎಂಬ ಮಾತು ನನ್ನ ಗಂಡನ ಮೈಮೇಲೆ ಅಂಟಿದ್ದನ್ನು ಒರೆಸಿಹಾಕಬೇಕೆಂದು ನನ್ನ ಜೀವ ಒದ್ದಾಡುತ್ತಿತ್ತು. ಪಕ್ಕಕ್ಕೆ ತಿರುಗಿದೆ. ಅವರು ನನ್ನನ್ನು ನೋಡುತ್ತಲೂ ಇರಲಿಲ್ಲ. ಹೇಳಬೇಕಾದದ್ದನ್ನು ಹೇಳಿ ಮುಗಿಸಿ, ನನ್ನ ಮೇಲೆ ಪೂರಾ ಭಾರ ಹಾಕಿ, ಕಾಫಿಗೆ ಸಕ್ಕರೆ ಬೆರೆಸುತ್ತಿದ್ದರು.

ಅವರು ಹೇಳಿದ್ದನ್ನೇ ಹೇಳಿದೆ. ಹಗ್ಗ, ಗುಂಡಗಿನ ವಸ್ತು, ಮಂಜು, ಕಣ್ಣಿಗೆ ಕಾಣದ್ದು, ಒಂದನ್ನೂ ಬಿಡದೆ. ಸುತ್ತಿದೆನೆಂದು ಅವರು ನಂಬಿದ್ದಾರೆ, ಆದರೆ ಆಣೆ ಮಾಡಲಾರರು ಎಂದೆ.

ಹೌದು ಎನ್ನದಿದ್ದ ಮೇಲೆ ತನ್ನ ಕೈಲಿ ಏನೂ ಇಲ್ಲ ಎಂದಳು ಆ ಹೆಂಗಸು. ಮೊದಲ ಸ್ಥಾನ ಈರೋನಿಗೆ ಹೋಯಿತು. ಗೆದ್ದವರಿಗೆ ಕೊಡುವ ಮರದ ಬೋಗುಣಿಯನ್ನು ಅವನ ಮುಂದಿಟ್ಟರು. ಅವನು ಅದನ್ನು ಮುಟ್ಟದೆ ಎದ್ದು ಹೋದ.

ಮಾರನೆಯ ದಿನ

ಬೆಳಿಗ್ಗೆ ಕೆರೆ ಕನ್ನಡಿಯಂತಿತ್ತು. ಆ ಬುರುಡೆಯನ್ನು ನೋಡಿಕೊಂಡು ಬರೋಣ ಎಂದರು ನಮ್ಮವರು. ನೇರ ಈರೋನ ದೋಣಿಯ ಕೊಟ್ಟಿಗೆಗೆ ಹೋಗಿ, ಕೆರೆಯ ಕಡೆ ಕೈ ತೋರಿಸಿ ನಿಂತರು. ಈರೋ ಉಳಿ ಕೆಳಗಿಟ್ಟ. ಅವರಿಬ್ಬರೂ ಈಜಿದರು, ಮಾರ್ಯಾಳೂ ನಾನೂ ದೋಣಿಯಲ್ಲಿ ಹಿಂದೆ ಹೋದೆವು. ಮಾರ್ಯಾ ಹುಟ್ಟು ಹಾಕುತ್ತಿದ್ದಳು, ಮರಗಳ ನೆರಳು ನಮ್ಮ ಕೆಳಗೆ ತಲೆಕೆಳಗಾಗಿ ಸರಿಯುತ್ತಿತ್ತು, ನಾವು ಆಕಾಶದ ಮೇಲೆಯೇ ಹೋಗುತ್ತಿದ್ದೇವೆ ಎನ್ನಿಸುತ್ತಿತ್ತು. ನನಗೆ ನೀರಿನ ಭಯವಿತ್ತು ಎಂಬುದು ಅರ್ಧ ದಾರಿ ದಾಟಿದ ಮೇಲೆ ನೆನಪಾಯಿತು.

ನಿಂಬೆಹಣ್ಣಿನಂತೆ ಕಂಡಿದ್ದ ಬುರುಡೆ ಹತ್ತಿರ ಹೋದರೆ ನಮ್ಮ ಮನೆಯ ಭತ್ತದ ಗುಡಾಣದಷ್ಟು ದೊಡ್ಡದಿತ್ತು. ಅದನ್ನು ನೀರಿನ ಅಡಿಗೆ ಬಿಗಿದದ್ದು ಹಗ್ಗವಲ್ಲ, ತುಕ್ಕು ಹಿಡಿದ ಕಬ್ಬಿಣದ ಸರಪಳಿ. ನಮ್ಮವರು ಸರಪಳಿ ಹಿಡಿದರು, ಬುರುಡೆ ತಬ್ಬಿದರು, ತಲೆಯಾಡಿಸಿದರು. ಆಮೇಲೆ ಕಣ್ಣು ಮುಚ್ಚಿಕೊಂಡು ಮೆಲ್ಲಗೆ ದ್ವೀಪದ ಕಡೆ ಈಜತೊಡಗಿದರು, ಹಿಂದಿನ ದಿನದ ದಾರಿಯನ್ನು ಮೈಯಿಂದಲೇ ಹುಡುಕುವವರಂತೆ. ದ್ವೀಪ ದಾಟಿ ದಡದ ಕಡೆಗೆ ಬರುತ್ತಲೇ ಅವರ ಕೈ ಒಂದು ಹಗ್ಗಕ್ಕೆ ತಗುಲಿತು. ಯಾರೋ ಮೀನಿನ ಬಲೆ ಬಿಟ್ಟಿದ್ದರು. ಅದರ ಗುರುತಿಗೆ ತೆಂಗಿನಕಾಯಿ ಗಾತ್ರದ ಒಂದು ಬಿಳಿ ಬೆಂಡು ತೇಲುತ್ತಿತ್ತು.

ಅವರು ಅದನ್ನು ಎತ್ತಿ ಹಿಡಿದರು.

"ಇದೇ ಕಣಮ್ಮಿ. ಯೋಳು ಈರಣ್ಣುಂಗೆ. ಅವ್ರಂದಿದ್ದು ಸರಿ, ನಾನು ಬುರುಡೆ ಸುತ್ನಿಲ್ಲ."

ದೋಣಿಯ ಅಂಚು ಹಿಡಿದು ಬಗ್ಗಿ, ನೀರಿನಲ್ಲಿದ್ದ ಈರೋನಿಗೆ ಸಣ್ಣ ಸಣ್ಣ ಇಂಗ್ಲಿಷ್ ಮಾತುಗಳಲ್ಲಿ ಹೇಳಿದೆ. ನಿನ್ನೆ ಆ ಒಂದು 'ಎಸ್' ಹೊರಗೆ ಬಿದ್ದಿದ್ದರೆ ಈ ಬೆಂಡನ್ನು ನೋಡಿದ ಮೇಲೆ ಅದನ್ನು ಯಾವ ಮುಖ ಹೊತ್ತು ನುಂಗುತ್ತಿದ್ದೆ?

ಈರೋ ಬೆಂಡನ್ನು ಕೈಗೆ ತೆಗೆದುಕೊಂಡು ತಿರುಗಿಸಿ ನೋಡಿದ. ಆಮೇಲೆ ಮಾರ್ಯಾಳಿಗೆ ತನ್ನ ಭಾಷೆಯಲ್ಲಿ ಏನೋ ಹೇಳಿದ. ಆತ ದಾರಿ ತಪ್ಪಿದ್ದ, ಮೋಸ ಮಾಡಿರಲಿಲ್ಲ; ನಾನು ಎಲ್ಲರ ಎದುರಿಗೆ ಮೋಸ ಎಂದೆ, ಎಲ್ಲರ ಎದುರಿಗೇ ಆ ಮಾತು ವಾಪಸು ತಗೊಳ್ಳುತ್ತೇನೆ ಎಂದನಂತೆ.

ಅವತ್ತು ಸಂಜೆ ಊರಿನವರೆಲ್ಲ ಕಾಫಿಗೆ ಸೇರಿದಾಗ ಹಾಗೆಯೇ ಮಾಡಿದ. ಮಾತು ಕಡಿಮೆಯ ಮನುಷ್ಯ. ಕುರ್ಚಿಯ ಬೆನ್ನು ಹಿಡಿದು ನಿಂತು, ಕಷ್ಟಪಟ್ಟು ಒಂದೊಂದೇ ಮಾತು ಹೊರಗೆ ತೆಗೆದ. ಮಾರ್ಯಾ ನನಗೆ ಇಂಗ್ಲಿಷಿನಲ್ಲಿ ಹೇಳಿದಳು, ನಾನು ನಮ್ಮವರಿಗೆ ಹೇಳಿದೆ. ನಮ್ಮವರು ತಲೆ ತಗ್ಗಿಸಿ ಕೇಳುತ್ತಿದ್ದರು. ಈರೋನ ಕಣ್ಣು ತುಂಬಿದ್ದು ಕಂಡು ಚಡಪಡಿಸಿದರು.

"ಸಾಕು ಕೂತ್ಕಳಾಕೆ ಯೋಳು. ಕಾಪಿ ಆರೋಯ್ತದೆ," ಎಂದರು.

ಅದನ್ನೂ ತಿರುಗಿಸಿ ಹೇಳಿದೆ. ಆ ಮೌನದ ಜನ ಅಷ್ಟು ಜೋರಾಗಿ ನಗುವುದನ್ನು ನಾನು ಕಂಡದ್ದು ಅದೊಂದೇ ಸಲ.

ಪಾಂಡವಪುರ

ನಾವು ಹಿಂದಿರುಗಿದಾಗ ಬಸ್‌ ಸ್ಟ್ಯಾಂಡಿನಲ್ಲಿ ತೊಣ್ಣೂರಿನ ಅರ್ಧ ಊರು ನಿಂತಿತ್ತು. ನಮ್ಮವರ ದೊಡ್ಡಪ್ಪನ ಮಗ ಕೆಂಪಣ್ಣ ಟ್ರಾಕ್ಟರಿಗೆ ಬಾಳೆಕಂದು ಕಟ್ಟಿಸಿ ತಂದಿದ್ದರು. ಕೈಯಲ್ಲಿ ಮೊಳಕಾಲಿಗೆ ಮುಟ್ಟುವಂಥ ಸುಗಂಧರಾಜದ ಹಾರ. ನಾನು ಅಂದು ಮಾಡಿದ ಫೋನು ಇಲ್ಲಿ ಹೀಗೆ ಬೆಳೆದಿತ್ತು; ಅದನ್ನು ತಿದ್ದಲು ಇನ್ನೊಂದು ಫೋನು ಮಾಡುವ ಧೈರ್ಯ ನನಗಾಗಿರಲಿಲ್ಲ. ಬಸ್ಸಿನ ಮೆಟ್ಟಿಲ ಮೇಲೇ ನನ್ನ ಕಾಲು ನಿಂತುಬಿಟ್ಟಿತು.

ಇಲ್ಲಿ ಅವರಿಗೆ ನನ್ನ ನಾಲಿಗೆ ಬೇಕಿರಲಿಲ್ಲ. ಹಾರ ಹಿಡಿದ ಕೆಂಪಣ್ಣನವರ ಕೈ ತಡೆದು, "ಗೆದ್ನಿಲ್ಲ ಕಣಣ್ಣ," ಎಂದರು. ಮಂಜು, ಬಲೆಯ ಬೆಂಡು, ಈರಣ್ಣ, ಎಲ್ಲವನ್ನೂ ನಿಂತಲ್ಲೇ ಹೇಳಿದರು. ಸುತ್ತಿದೆ ಎಂದುಬಿಟ್ಟಿದ್ದರೆ ಅಷ್ಟು ದೂರದ ದೇಶದಲ್ಲಿ ಯಾರಿಗೆ ಗೊತ್ತಾಗುತ್ತಿತ್ತು ಎಂದು ಹಿಂದಿನಿಂದ ಒಬ್ಬ ಕೇಳಿದ.

"ಬುರುಡೆ ಸುತ್ದೆ ಬುರುಡೆ ಬುಡಾಕಾಯ್ತದೇನ್ಲಾ?" ಎಂದರು ನಮ್ಮವರು.

ಕೆಲವರು ನಕ್ಕರು. ಕೆಲವರು ನಗಲಿಲ್ಲ. ಮೋಸ ಮಾಡಿ ಸಿಕ್ಕಿಬಿದ್ದು ಬಂದಿದ್ದಾನೆ, ಕತೆ ಕಟ್ಟುತ್ತಾನೆ ಎಂದು ಗೊಣಗಿದ್ದೂ ನನ್ನ ಕಿವಿಗೆ ಬಿತ್ತು. ಆ ಮಾತು ಈಗಲೂ ಊರಿನಲ್ಲಿ ಅಲ್ಲಿ ಇಲ್ಲಿ ಇದೆ. ಕೆಂಪಣ್ಣನವರು ಹಾರವನ್ನು ನೋಡುತ್ತ, ತಂದದ್ದನ್ನು ಈಗ ಏನು ಮಾಡುವುದು ಎಂದರು.

"ಇವ್ಳಿಗ್ ಕೊಡಿ. ನಾನಂದಿದ್ದುನ್ನ ಒಂದಕ್ಸರ ಅತ್ಲಾಗಿತ್ಲಾಗ್ ಮಾಡ್ದೆ ಯೋಳುದ್ಲು. ಅಲ್ಲಿ ಕಷ್ಟ ಇದ್ದುದ್ದು ಅದೇಯ."

ನಮ್ಮ ಕಡೆ ಬಸ್‌ ಸ್ಟ್ಯಾಂಡಿನಲ್ಲಿ ಹೆಂಡತಿಗೆ ಹಾರ ಹಾಕುವ ಪದ್ಧತಿಯಿಲ್ಲ. ಕೆಂಪಣ್ಣನವರು ಗೊಂದಲಪಟ್ಟು ಹಾರವನ್ನು ನನ್ನ ಕೈಗೆ ಕೊಟ್ಟರು. ಒಂದು ಗಳಿಗೆ ಹಿಡಿದುಕೊಂಡೇ ನಿಂತಿದ್ದು, ಆಮೇಲೆ ನಾನೇ ಕೊರಳಿಗೆ ಹಾಕಿಕೊಂಡೆ. ಒದ್ದೆ ಹೂವು, ತೂಕವಾಗಿತ್ತು, ತಣ್ಣಗಿತ್ತು.

ಟ್ರಾಕ್ಟರು ಕೆರೆಯ ಏರಿ ಮುಟ್ಟುತ್ತಲೂ ನಮ್ಮವರು ನಿಲ್ಲಿಸಿ ಎಂದರು. ಇಳಿದು, ಷರಟು ಬಿಚ್ಚಿ ನನ್ನ ಕೈಗೆ ಕೊಟ್ಟು ನೀರಿಗಿಳಿದರು. ಅವರ ತಲೆ ಚುಕ್ಕೆಯಾಗಿ ಸರಿಯುತ್ತ ಹೋಯಿತು. ಗದ್ದೆಯಲ್ಲಿದ್ದ ಹೆಂಗಸರು ನಾಟಿ ನಿಲ್ಲಿಸಿ, ಹಾರ ಹಾಕಿಕೊಂಡು ಒಬ್ಬಳೇ ನಿಂತಿದ್ದ ನನ್ನನ್ನು ನೋಡುತ್ತಿದ್ದರು. ನೋಡಲಿ ಎಂದು ನಿಂತೇ ಇದ್ದೆ.